ಮರುಭೂಮಿಯ ನೀರಿನ ಕೆಲಸಕ್ಕೆ ಕಲಬುರಗಿಯಿಂದ ದಾರಿ ಇದೆಯೇ?

ಪ್ರಶ್ನೆ: ಕಲಬುರಗಿಯಲ್ಲಿ ಬಿ.ಎಸ್‌ಸಿ. ಕೊನೆಯ ವರ್ಷದಲ್ಲಿದ್ದೇನೆ. ಭೂವಿಜ್ಞಾನ ನನ್ನ ಇಷ್ಟದ ವಿಷಯ. ರಾಜಸ್ಥಾನ, ಒಮಾನ್‌ ಕಡೆ ನೀರಿನ ನಿರ್ವಹಣೆಯ ಕೆಲಸ ಮಾಡುವ ಆಸೆ. ‘ಬೇಸಿಗೆಯಲ್ಲಿ ನಮ್ಮೂರಿಗೇ ಟ್ಯಾಂಕರ್ ಬರಬೇಕು, ನೀನು ಮರಳುಗಾಡಿಗೆ ಹೋಗಿ ಏನು ಮಾಡುತ್ತೀಯ?’ ಎನ್ನುತ್ತಾರೆ ಅಪ್ಪ. ಏನು ಓದಲಿ, ಎಲ್ಲಿಂದ ಆರಂಭಿಸಲಿ?
– ಓದುಗ, ಆಳಂದ ತಾಲ್ಲೂಕು

ಉತ್ತರ: ಅಪ್ಪನ ಮಾತಿಗೆ ಬೇಸರಪಡಬೇಡಿ. ಟ್ಯಾಂಕರ್ ಮುಂದೆ ಕೊಡ ಹಿಡಿದು ನಿಂತವರಿಗೆ ನೀರಿನ ಬೆಲೆಯನ್ನು ಯಾರೂ ಕಲಿಸಬೇಕಿಲ್ಲ. ನೀವು ಕಲಿಯಬೇಕಾದದ್ದು ಅದರ ಲೆಕ್ಕ: ನೆಲಕ್ಕೆ ಎಷ್ಟು ಇಳಿಯಿತು, ಎಷ್ಟನ್ನು ಮೇಲೆತ್ತಿದೆವು, ಎಷ್ಟು ಆವಿಯಾಯಿತು, ಪೈಪಿನಲ್ಲಿ ಎಷ್ಟು ಸೋರಿಹೋಯಿತು. ಈ ವೃತ್ತಿಯ ಮುಕ್ಕಾಲು ಪಾಲು ಇದೇ.

ಮೊದಲು ಬೀದರ್ ಬಸ್ ಹತ್ತಿ, ನೌಬಾದಿನ ಕರೇಜ್ ನೋಡಿ ಬನ್ನಿ. ಬಹಮನಿ ಸುಲ್ತಾನರ ಕಾಲದಲ್ಲಿ, 15ನೇ ಶತಮಾನದಲ್ಲಿ, ಪರ್ಷಿಯಾದ ವಿದ್ಯೆಯಿಂದ ಕೊರೆದ ಸುರಂಗ ಬಾವಿ ಅದು. ಮೇಲೆ ಸಾಲಾಗಿ ಗಾಳಿಕಿಂಡಿಗಳು. ಕೆಳಗೆ ಜಂಬಿಟ್ಟಿಗೆ ಕಲ್ಲಿನೊಳಗೆ ಸಣ್ಣ ಇಳಿಜಾರಿನಲ್ಲಿ ಸಾಗುವ ಸುರಂಗ. ತೂತುತೂತಾದ ಜಂಬಿಟ್ಟಿಗೆಯಲ್ಲಿ ಇಳಿದ ಮಳೆನೀರು ಅಡಿಯ ಗಟ್ಟಿ ಕಪ್ಪುಕಲ್ಲಿನ ಮೇಲೆ ತಡೆದು ನಿಲ್ಲುತ್ತದೆ. ಸುರಂಗ ಅದನ್ನು ಹೊರಕ್ಕೆ ಹರಿಸುತ್ತದೆ, ಪಂಪು ಬೇಡ. ಒಮಾನಿನ ಫಲಜ್, ಇರಾನಿನ ಖನಾತ್ ಇದೇ ಕುಲದವು. ಯುನೆಸ್ಕೊ ವಿಶ್ವ ಪರಂಪರೆ ಪಟ್ಟಿಗೆ 2006ರಲ್ಲಿ ಫಲಜ್, 2016ರಲ್ಲಿ ಖನಾತ್ ಸೇರಿದವು. ಅಂತರ್ಜಲ ಕುಸಿದರೆ ಇಂತಹ ಸುರಂಗದ ಹರಿವು ತಾನಾಗಿ ತಗ್ಗುತ್ತದೆ. ಬೋರ್‌ವೆಲ್‌ಗೆ ಆ ಸಂಕೋಚವಿಲ್ಲ. ತಳ ಕಾಣುವವರೆಗೂ ಎತ್ತುತ್ತಲೇ ಇರುತ್ತದೆ. ಈ ಒಂದು ವ್ಯತ್ಯಾಸ ಮನಸ್ಸಿಗೆ ಇಳಿದರೆ ಅರ್ಧ ಪಾಠ ಮುಗಿದಂತೆ ಎಂದು ನನ್ನ ನಂಬಿಕೆ.

ಮುಂದಿನ ಓದಿಗೆ ದೂರ ಹೋಗಬೇಕಿಲ್ಲ. ನಿಮ್ಮ ತಾಲ್ಲೂಕಿನ ಕಡಗಂಚಿಯಲ್ಲೇ ಇರುವ ಕೇಂದ್ರೀಯ ವಿಶ್ವವಿದ್ಯಾಲಯದಲ್ಲಿ ಭೂವಿಜ್ಞಾನದ ಎಂ.ಎಸ್‌ಸಿ. ಓದಬಹುದು. ಅನಂತರ ಯುಪಿಎಸ್‌ಸಿ ನಡೆಸುವ ಸಂಯುಕ್ತ ಭೂವಿಜ್ಞಾನಿ ಪರೀಕ್ಷೆ ಬರೆಯಿರಿ. ಕೇಂದ್ರ ಅಂತರ್ಜಲ ಮಂಡಳಿಯ ವಿಜ್ಞಾನಿ ಹುದ್ದೆಗೆ ಅದೇ ದಾರಿ. ಸಂಶೋಧನೆಯತ್ತ ಒಲವಿದ್ದರೆ ಜೋಧಪುರದಲ್ಲಿ 1959ರಿಂದ ಕೇಂದ್ರ ಶುಷ್ಕ ವಲಯ ಸಂಶೋಧನಾ ಸಂಸ್ಥೆ ಇದೆ.

ಕೊಲ್ಲಿ ದೇಶಗಳ ಮಾತು ಬೇರೆ. ಅಲ್ಲಿನ ನಗರಗಳು ಬಹುಪಾಲು ಸಮುದ್ರದ ನೀರನ್ನು ಸಿಹಿ ಮಾಡಿ ಕುಡಿಯುತ್ತವೆ. ಆ ಸ್ಥಾವರಗಳಲ್ಲಿ ಎಂಜಿನಿಯರುಗಳಿಗೆ, ರಸಾಯನ ವಿಜ್ಞಾನ ಓದಿದವರಿಗೆ ಬೇಡಿಕೆ ಹೆಚ್ಚು. ಇಲ್ಲಿ ಕೆಲವು ವರ್ಷ ಅನುಭವ ಪಡೆದು ಹೋಗಿ. ಹಣ ಕೇಳುವ ಏಜೆಂಟರ ಹೆಸರು ವಿದೇಶಾಂಗ ಸಚಿವಾಲಯದ ಇ-ಮೈಗ್ರೇಟ್ ಜಾಲತಾಣದಲ್ಲಿ ಇಲ್ಲದಿದ್ದರೆ ಒಂದು ರೂಪಾಯಿಯನ್ನೂ ಕೊಡಬೇಡಿ.

ನಮ್ಮಲ್ಲಿ ಕಲಿತದ್ದು ಅಲ್ಲಿ ಹಾಗೆಯೇ ನಡೆಯುತ್ತದೆ ಎಂದುಕೊಳ್ಳಬೇಡಿ. ನಮ್ಮದು ಕಪ್ಪುಕಲ್ಲು, ನೀರು ಬಿರುಕುಗಳಲ್ಲಿದೆ. ಥಾರ್‌ನಲ್ಲಿ ಮರಳು, ಮರಳುಗಲ್ಲು, ಹಲವೆಡೆ ಉಪ್ಪು ನೀರು. ಜೈಸಲ್ಮೇರ್‌ನಲ್ಲಿ ವರ್ಷಕ್ಕೆ 200 ಮಿ.ಮೀ. ಮಳೆಯೂ ಬೀಳುವುದಿಲ್ಲ. ಆ ನೀರನ್ನೇ ಖಡೀನ್ ಎಂಬ ಒಡ್ಡು ಕಟ್ಟಿ ತಗ್ಗಿನ ಹೊಲದಲ್ಲಿ ನಿಲ್ಲಿಸಿ, ಇಂಗಿದ ತೇವದಲ್ಲಿ ಬೆಳೆ ತೆಗೆಯುತ್ತಾರೆ.

ಕಲಿಯುವ ಕ್ರಮ ಮಾತ್ರ ಎಲ್ಲ ಕಡೆ ಒಂದೇ. ನಿಮ್ಮೂರಿನ ಒಂದು ತೆರೆದ ಬಾವಿ ಆರಿಸಿಕೊಳ್ಳಿ. ಉಕ್ಕಿನ ಅಳತೆ ಪಟ್ಟಿಯ ಸೊನ್ನೆ ತುದಿಯ ಒಂದು ಮೀಟರಿಗೆ ಸೀಮೆಸುಣ್ಣ ಬಳಿದು, ಭಾರ ಕಟ್ಟಿ ಇಳಿಬಿಡಿ. ಮೇಲೆಳೆದಾಗ ನೆನೆದ ಸುಣ್ಣ ಕಪ್ಪಾಗಿರುತ್ತದೆ. ಬಾವಿಕಟ್ಟೆಯ ಮಟ್ಟದಲ್ಲಿ ಹಿಡಿದ ಅಂಕಿಯಿಂದ ಆ ನೆನೆದ ಉದ್ದವನ್ನು ಕಳೆದರೆ ನೀರು ಎಷ್ಟು ಕೆಳಗಿದೆ ಎಂಬುದು ಸಿಗುತ್ತದೆ. ವಾರಕ್ಕೊಮ್ಮೆ, ಪಂಪು ಓಡುವ ಮೊದಲು ಅಳೆದು ಬರೆದಿಡಿ. ಸಂದರ್ಶನಕ್ಕೆ ಅಂತಹ ನೋಟ್‌ಬುಕ್ ತಂದ ಅಭ್ಯರ್ಥಿಯನ್ನು ನಾನು ಅಂಕಪಟ್ಟಿಗಿಂತ ಮೊದಲು ಅದರ ಬಗ್ಗೆಯೇ ಕೇಳುತ್ತೇನೆ. ಈ ಸಲದ ಮುಂಗಾರಿಗೆ ಮುಂಚೆ ಮೊದಲ ಅಳತೆ ಆಗಿರಲಿ. ಬಾವಿಕಟ್ಟೆಯ ಯಾವ ಕಲ್ಲಿನಿಂದ ಅಳೆದಿರೋ ಅದಕ್ಕೆ ಬಣ್ಣದ ಗುರುತು ಹಾಕಿ. ಪ್ರತಿ ಸಲವೂ ಅಲ್ಲಿಂದಲೇ ಅಳೆಯಬೇಕು.