ಸಂಖ್ಯೆ ನಿಜ, ಸಂಘ ಕಟ್ಟುಕಥೆ

ಓದುಗರ ಪತ್ರ: ಕಳೆದ ಸಂಚಿಕೆಯ ಕಥೆಯಲ್ಲಿ ಬಂದ ಗುಪ್ತ ಸಂಘ ನಿಜವಾಗಿ ಇತ್ತೇ? ಗಣಿತಕ್ಕೂ ಸಂಗೀತಕ್ಕೂ ಮುಡಿಪಾದ ಆ ಸಂಘ 531441 ಎಂಬ ಸಂಖ್ಯೆ ಹೇಳಿದವರನ್ನಷ್ಟೇ ಒಳಗೆ ಬಿಟ್ಟುಕೊಳ್ಳುತ್ತದೆ. ಪ್ರಾಚೀನ ಗ್ರೀಕ್ ಚಿಂತಕ ಪೈಥಾಗರಸ್‌ನೇ ಅದರ ಮೂಲಪುರುಷ ಎಂದೂ ಕಥೆಯಲ್ಲಿದೆ. ವಾದ್ಯಗಳನ್ನು 432 ಹರ್ಟ್ಸ್‌ಗೆ ಶ್ರುತಿ ಮಾಡಿದರೆ ಬ್ರಹ್ಮಾಂಡದ ನಾದಕ್ಕೆ ಹೊಂದುತ್ತದೆ ಎಂಬ ರಹಸ್ಯವನ್ನು ಕಾಪಾಡಿಕೊಂಡು ಬಂದವರೂ ಇಂಥವರೇ ಎಂದು ಕೇಳಿದ್ದೇನೆ. ಕಥೆ ಎಂಬ ಹಣೆಪಟ್ಟಿ ಹಚ್ಚಿ ಸತ್ಯ ಮುಚ್ಚಿಡುತ್ತಿದ್ದೀರಾ? ಎರಡನೇ ಭಾಗ ಯಾವಾಗ?

ಸಂಪಾದಕರ ಉತ್ತರ: ಅಷ್ಟು ದೊಡ್ಡ ಸತ್ಯ ಕೈಗೆ ಸಿಕ್ಕಿದ್ದರೆ ಮುಖಪುಟದಲ್ಲೇ ಹಾಕಿಕೊಳ್ಳುತ್ತಿದ್ದೆವು ಸ್ವಾಮಿ. ಸಂಘ ಕಥೆಗಾರರ ಕಲ್ಪನೆ. ಬಾಗಿಲು ತೆರೆಸುವ ಆ ಸಂಖ್ಯೆ ಮಾತ್ರ ಅಪ್ಪಟ ನಿಜ, ಅದನ್ನು ನೀವೇ ಕಂಡುಕೊಳ್ಳಬಹುದು.

ಒಂದು ತಂತಿ ಮೀಟಿ, ಅದನ್ನು ಷಡ್ಜ, ಅಂದರೆ ‘ಸ’ ಅಂದುಕೊಳ್ಳಿ. ಸರಿಯಾಗಿ ಅರ್ಧಕ್ಕೆ ಬೆರಳೊತ್ತಿ ಮೀಟಿದರೆ ತಾರಷಡ್ಜ, ಅಂದರೆ ಇಮ್ಮಡಿ ಕಂಪನದ, ಒಂದು ಸ್ಥಾಯಿ ಮೇಲಿನ ಷಡ್ಜ. ಮೂರರಲ್ಲಿ ಎರಡು ಭಾಗವನ್ನಷ್ಟೇ ನುಡಿಸಿದರೆ ಪಂಚಮ, ಅಂದರೆ ಷಡ್ಜದ ಒಂದೂವರೆ ಪಟ್ಟು ಕಂಪನ. ಈಗ ಆ ಪಂಚಮವನ್ನೇ ಷಡ್ಜ ಮಾಡಿಕೊಂಡು ಅದರ ಪಂಚಮಕ್ಕೆ ಹೋಗಿ, ಅಲ್ಲಿಂದ ಅದರ ಪಂಚಮಕ್ಕೆ. ಹೀಗೆ ಹನ್ನೆರಡು ಸಲ ಹತ್ತಿದರೆ ಏಳು ಸ್ಥಾಯಿ ಮೇಲಿನ ಷಡ್ಜಕ್ಕೆ ಬಂದು ನಿಂತಹಾಗೆ ಕಿವಿಗೆ ಕೇಳುತ್ತದೆ. ಲೆಕ್ಕ ಒಪ್ಪುವುದಿಲ್ಲ. ಏಳು ಸ್ಥಾಯಿ ಎಂದರೆ ಮೂಲದ 128 ಪಟ್ಟು. ಹನ್ನೆರಡು ಪಂಚಮ ಎಂದರೆ ಸುಮಾರು 129.75 ಪಟ್ಟು. ಭಿನ್ನರಾಶಿ ಹೋಗಲೆಂದು ಎರಡನ್ನೂ 2ರ ಹನ್ನೆರಡನೇ ಘಾತದಿಂದ ಗುಣಿಸಿದರೆ ಹನ್ನೆರಡು ಪಂಚಮದ ಕಡೆ 3ರ ಹನ್ನೆರಡನೇ ಘಾತ, 531441. ಏಳು ಸ್ಥಾಯಿಯ ಕಡೆ 2ರ ಹತ್ತೊಂಬತ್ತನೇ ಘಾತ, 524288. ಮೂರರ ಘಾತ ಯಾವತ್ತೂ ಬೆಸ, ಎರಡರದ್ದು ಯಾವತ್ತೂ ಸಮ. ಹನ್ನೆರಡಲ್ಲ, ಹನ್ನೆರಡು ಸಾವಿರ ಪಂಚಮ ಹತ್ತಿದರೂ ಇವೆರಡು ಕೂಡುವ ಮಾತೇ ಇಲ್ಲ. ಉಳಿಯುವ ಸಂದಿಗೆ ಪೈಥಾಗರಸ್ ಕಾಮಾ ಎನ್ನುತ್ತಾರೆ. ಪಿಯಾನೊದ ಅಕ್ಕಪಕ್ಕದ ಎರಡು ಸ್ವರಗಳ ಅಂತರದಲ್ಲಿ ಕಾಲು ಭಾಗಕ್ಕೂ ತುಸು ಕಡಿಮೆ. ಇಂದಿನ ಪಿಯಾನೊ ಶ್ರುತಿ ಮಾಡುವವರು ಹನ್ನೆರಡೂ ಪಂಚಮಗಳನ್ನು ಕೂದಲೆಳೆಯಷ್ಟು ತಗ್ಗಿಸಿ ಈ ಸಂದಿಯನ್ನು ಹಂಚಿ ನುಂಗಿಬಿಡುತ್ತಾರೆ.

ತಂತಿಯೂ ಕಿವಿಯೂ ಇರುವ ಯಾರಿಗೇ ಆಗಲಿ ಸಿಕ್ಕಿಬಿಡುವ ಇಂಥ ಸಂಗತಿಯನ್ನು ಗುಟ್ಟಾಗಿ ಇಡುವುದು ಹೇಗೆ? ಕಥೆಯಲ್ಲಿ ನನಗೆ ನಂಬಲಾಗದೆ ಹೋದದ್ದು ಅದೊಂದೇ.

ಪೈಥಾಗರಸ್‌ನ ವಿಷಯಕ್ಕೆ ಬರೋಣ. ಕ್ರಿ.ಪೂ. ಆರನೇ ಶತಮಾನದ ಕೊನೆಯ ಹೊತ್ತಿಗೆ ದಕ್ಷಿಣ ಇಟಲಿಯ ಕ್ರೋಟನ್‌ನಲ್ಲಿ ಅವನ ಸುತ್ತ ಒಂದು ಪಂಥ ಬೆಳೆದದ್ದು ಹೌದು. ಅವರಿಗೆ ಕಟ್ಟುನಿಟ್ಟಿನ ನಿಯಮಗಳಿದ್ದವು, ರಾಜಕೀಯ ಬಲವೂ ಇತ್ತು. ಕೊನೆಗೆ ಅವರ ಮೇಲೆ ದಾಳಿಯಾದದ್ದೂ ಆ ರಾಜಕೀಯದಿಂದಲೇ. ಗುಟ್ಟು ಹೊರಹಾಕಿದ ಶಿಷ್ಯ ಸಮುದ್ರದ ಪಾಲಾದ ಎಂಬಂಥ ರೋಚಕ ಕಥೆಗಳನ್ನು ಬರೆದಿಟ್ಟವರು ಶತಮಾನಗಳ ನಂತರದವರು. ಅವರಲ್ಲಿ ಒಬ್ಬನಾದ ತತ್ತ್ವಜ್ಞಾನಿ ಇಯಾಂಬ್ಲಿಕಸ್‌ಗೂ ಪೈಥಾಗರಸ್‌ಗೂ ನಡುವೆ ಸುಮಾರು ಎಂಟುನೂರು ವರ್ಷಗಳ ಅಂತರ.

ಇದಕ್ಕಿಂತ ನನಗೆ ಇಷ್ಟವಾದದ್ದು ಸುತ್ತಿಗೆಯ ಕಥೆ. ಪೈಥಾಗರಸ್ ಕಮ್ಮಾರಸಾಲೆಯ ಮುಂದೆ ಹೋಗುತ್ತಿದ್ದನಂತೆ. ಸುತ್ತಿಗೆಗಳ ಪೆಟ್ಟು ಇಂಪಾಗಿ ಕೇಳಿತಂತೆ. ಒಳಹೊಕ್ಕು ತೂಗಿದರೆ ಅವುಗಳ ತೂಕ 12, 9, 8, 6ರ ಪ್ರಮಾಣದಲ್ಲಿ ಇತ್ತಂತೆ. ಮನೆಗೆ ಬಂದು ಅದೇ ಪ್ರಮಾಣದ ತೂಕಗಳನ್ನು ತಂತಿಗಳಿಗೆ ನೇತುಹಾಕಿದಾಗಲೂ ಅವೇ ಸ್ವರಗಳು ಬಂದವಂತೆ. ಕೇಳಲು ಸೊಗಸು, ನಡೆಯಲು ಸಾಧ್ಯವೇ ಇಲ್ಲ. ಸುತ್ತಿಗೆಯ ತೂಕ ಇಮ್ಮಡಿಯಾದರೆ ನಾದ ಒಂದು ಸ್ಥಾಯಿ ಇಳಿಯುವುದಿಲ್ಲ. ತಂತಿಯ ಸ್ವರ ಒಂದು ಸ್ಥಾಯಿ ಏರಬೇಕಾದರೆ ತೂಗುಹಾಕುವ ಭಾರ ಎರಡು ಪಟ್ಟು ಸಾಲದು, ನಾಲ್ಕು ಪಟ್ಟು ಬೇಕು. ಉದ್ದದ ಲೆಕ್ಕ ಬೇರೆ, ಬಿಗಿತದ ಲೆಕ್ಕ ಬೇರೆ. ಸಾವಿರ ವರ್ಷಕ್ಕೂ ಹೆಚ್ಚು ಕಾಲ ಘನ ವಿದ್ವಾಂಸರು ಈ ಕಥೆಯನ್ನು ಒಬ್ಬರಿಂದೊಬ್ಬರು ನಕಲು ಮಾಡುತ್ತಲೇ ಬಂದರು. ಹದಿನಾರನೇ ಶತಮಾನದಲ್ಲಿ ತೂಕ ಕಟ್ಟಿ ಪರೀಕ್ಷಿಸಿ ಇದು ಸುಳ್ಳು ಎಂದವನು ವಿನ್ಸೆಂಜೊ ಗೆಲಿಲಿ, ಖಗೋಳ ವಿಜ್ಞಾನಿ ಗೆಲಿಲಿಯೊನ ಅಪ್ಪ. ಅವನು ವೀಣೆಯಂಥ ಲ್ಯೂಟ್ ವಾದ್ಯ ನುಡಿಸುವವನು. ಗುರುವಿನ ಮಾತೇ ಪ್ರಮಾಣ ಎನ್ನುವ ಕಡೆ ಹೀಗೆ ಜೋಪಾನವಾಗಿ ಉಳಿಯುವುದು ತಪ್ಪುಗಳೇ.

ಕಥೆಯ ಸಂಘಕ್ಕೆ ತೀರಾ ಹತ್ತಿರದ ನಿಜವಾದ ಸಂಘ ಬೇಕೆಂದರೆ ಜರ್ಮನಿಯ ಲೈಪ್ಸಿಗ್ ನೋಡಿ. ಅಲ್ಲಿ 1738ರಲ್ಲಿ ಲೊರೆನ್ಸ್ ಮಿಟ್ಸ್‌ಲರ್ ಎಂಬಾತ ಸಂಗೀತವನ್ನು ಗಣಿತದ ತಳಹದಿಯ ಮೇಲೆ ಚರ್ಚಿಸಲು ಒಂದು ಸಂಘ ಕಟ್ಟಿದ. ಹೆಸರಾಂತ ಸಂಗೀತಕಾರರಾದ ಟೆಲೆಮನ್, ಹ್ಯಾಂಡೆಲ್ ಅದರ ಸದಸ್ಯರು. 1747ರಲ್ಲಿ ಅವರಂತೆಯೇ ಸಂಗೀತಕಾರನಾದ ಬಾಖ್ ಸೇರಿದ. ನೆಲಮಾಳಿಗೆಯೂ ಇಲ್ಲ, ಮುಖವಾಡವೂ ಇಲ್ಲ. ವ್ಯವಹಾರವೆಲ್ಲ ಅಂಚೆಯಲ್ಲಿ, ಜೊತೆಗೆ ಮಿಟ್ಸ್‌ಲರ್‌ನದೇ ಪತ್ರಿಕೆ ಬೇರೆ. (ಸಂಘ ಕಟ್ಟಿದವನ ಕೈಯಲ್ಲಿ ಪತ್ರಿಕೆಯೂ ಇದ್ದರೆ ಗುಟ್ಟು ಎಲ್ಲಿ ಉಳಿದೀತು!) ಬಾಖ್‌ನ ಪ್ರಸಿದ್ಧ ಭಾವಚಿತ್ರದಲ್ಲಿ ಅವನ ಕೈಯಲ್ಲೊಂದು ಹಾಳೆ ಕಾಣುತ್ತದೆ. ಬರೆದಿರುವುದು ಮೂರು ದನಿ, ಹಾಡಬೇಕಾದದ್ದು ಆರು. ಉಳಿದ ಮೂರು ಎಲ್ಲಿಂದ ಹುಟ್ಟುತ್ತವೆ ಎಂಬುದನ್ನು ನೋಡಿದವರು ಬಿಡಿಸಿಕೊಳ್ಳಬೇಕು. ರಹಸ್ಯ ಎಂದರೆ ನನಗೆ ಇಂಥದ್ದು ಸಾಕು.

ನಮ್ಮಲ್ಲೂ ಸಂಕೇತಗಳಿಗೆ ಬರವಿಲ್ಲ. ಸಂಗೀತಶಾಸ್ತ್ರಜ್ಞ ವೆಂಕಟಮಖಿ ಹದಿನೇಳನೇ ಶತಮಾನದಲ್ಲಿ ಲೆಕ್ಕ ಹಾಕಿ ತೋರಿಸಿದ 72 ಮೇಳಗಳ, ಅಂದರೆ ರಾಗಗಳಿಗೆ ಮೂಲವಾದ ಸ್ವರಶ್ರೇಣಿಗಳ, ಹೆಸರಿನಲ್ಲಿ ನಂತರದವರು ಅಕ್ಷರಕ್ಕೊಂದು ಅಂಕಿ ಕೊಡುವ ಕಟಪಯಾದಿ ಸೂತ್ರದಿಂದ ಕ್ರಮಸಂಖ್ಯೆಯನ್ನೇ ಅಡಗಿಸಿಟ್ಟರು. ‘ಧೀರಶಂಕರಾಭರಣ’ದಲ್ಲಿ ಧ ಎಂದರೆ 9, ರ ಎಂದರೆ 2, ತಿರುಗಿಸಿದರೆ 29ನೇ ಮೇಳ. ‘ಮೇಚಕಲ್ಯಾಣಿ’ಯಲ್ಲಿ ಮ ಎಂದರೆ 5, ಚ ಎಂದರೆ 6, ತಿರುಗಿಸಿದರೆ 65. ಇದನ್ನು ಬಚ್ಚಿಡಲು ಯಾರೂ ಹೆಣಗಲಿಲ್ಲ, ಪಾಠದಲ್ಲೇ ಹೇಳಿಕೊಡುತ್ತಾರೆ.

432ರ ಬಗ್ಗೆ ಚುಟುಕಾಗಿ ಹೇಳಿಬಿಡುತ್ತೇನೆ. ಹರ್ಟ್ಸ್ ಎಂದರೆ ಸೆಕೆಂಡಿಗೆ ಎಷ್ಟು ಕಂಪನ ಎಂಬ ಲೆಕ್ಕ. ಸೆಕೆಂಡು ನಾವು ಮಾಡಿಕೊಂಡ ಅಳತೆ. ಅದನ್ನು ಚೂರು ಹಿಗ್ಗಿಸಿದರೆ ಅದೇ ನಾದಕ್ಕೆ ಬೇರೆ ಸಂಖ್ಯೆ. ವಾದ್ಯಗಳನ್ನೆಲ್ಲ ಹೊಂದಿಸಿಕೊಳ್ಳುವ ಆಧಾರಸ್ವರವನ್ನು ಫ್ರಾನ್ಸ್ 1859ರಲ್ಲಿ 435ಕ್ಕೆ ನಿಗದಿ ಮಾಡಿತು. 1939ರಲ್ಲಿ ಲಂಡನ್ ಸಭೆ 440ಕ್ಕೆ ಒಪ್ಪಿತು. ನಡುವೆ ಸಂಗೀತಕಾರ ವೆರ್ಡಿ 432ರ ಪರ ನಿಂತದ್ದೂ ಉಂಟು. ಅವನ ಚಿಂತೆ ಗಾಯಕರ ಗಂಟಲಿನದ್ದು, ಬ್ರಹ್ಮಾಂಡದ್ದಲ್ಲ.

ಎರಡನೇ ಭಾಗದ ಹಸ್ತಪ್ರತಿ ಬಂದಿದೆ. ಅದರಲ್ಲಿ ಕಮ್ಮಾರಸಾಲೆಯ ದೃಶ್ಯವೊಂದಿದೆ; ನಾಯಕ ಸುತ್ತಿಗೆ ತೂಗಿ ಸ್ವರ ಹೇಳಿಬಿಡುತ್ತಾನೆ. ತಿದ್ದಿ ಕಳಿಸಿ ಎಂದು ಕಥೆಗಾರರಿಗೆ ವಾಪಸು ಮಾಡಿದ್ದೇವೆ.