ಎಮೋಷನ್ ಪದದೊಳಗೆ ಮೋಷನ್ ಯಾಕಿದೆ?

ಎರಡೂ ಒಂದೇ ಬೇರಿನವು, ಅದಕ್ಕೇ. ಲ್ಯಾಟಿನ್‌ನಲ್ಲಿ ‘ಮೊವೇರೆ’ ಅಂದರೆ ಅಲುಗಿಸು, ಕದಲಿಸು. ‘ಮೋಷನ್’ ಬಂದಿದ್ದು ಅಲ್ಲಿಂದ. ಅದೇ ಪದದ ಮುಂದೆ ‘ಹೊರಗೆ’ ಎಂಬ ಅರ್ಥದ ‘ಎ’ ಸೇರಿ ‘ಎಮೊವೇರೆ’ ಆಯಿತು. ಅಂದರೆ ಇದ್ದ ಜಾಗದಿಂದ ಹೊರಕ್ಕೆ ಕದಲಿಸು. ಫ್ರೆಂಚ್ ದಾರಿಯಾಗಿ ‘ಎಮೋಷನ್’ ಇಂಗ್ಲಿಷಿಗೆ ಬಂದದ್ದು 16ನೇ ಶತಮಾನದಲ್ಲಿ.

ನನಗೆ ಜಾಸ್ತಿ ಇಷ್ಟ ಅದರ ಹಳೆಯ ಅರ್ಥ. ಆಗ ಜನ ದಂಗೆ ಎದ್ದು ಊರು ಅಲ್ಲೋಲಕಲ್ಲೋಲವಾದರೆ ಅದನ್ನೇ ಎಮೋಷನ್ ಅನ್ನುತ್ತಿದ್ದರು! ಒಂದು ಕಡೆಯಿಂದ ಇನ್ನೊಂದು ಕಡೆಗೆ ಗುಳೆ ಹೋಗುವುದಕ್ಕೂ ಅದೇ ಪದ. ಬೀದಿಯ ಆ ಗಲಭೆ ನಿಧಾನವಾಗಿ ಎದೆಯೊಳಗೆ ಬಂದು ಕೂತಿತು. ಈಗ ಉಳಿದಿರುವುದು ಮನಸ್ಸಿನ ಭಾವನೆ ಎಂಬ ಅರ್ಥ ಮಾತ್ರ.

‘ಮೂವ್’ ಪದವಾದರೆ ಇವತ್ತಿಗೂ ಎರಡು ಕೆಲಸ ಮಾಡುತ್ತದೆ. ಕುರ್ಚಿಯನ್ನು ಮೂವ್ ಮಾಡಬಹುದು, ಹಾಡು ಕೇಳಿ ನಾವೇ ಮೂವ್ ಆಗಬಹುದು. ಕನ್ನಡದಲ್ಲೂ ಹೀಗೇ ಅಲ್ವಾ? ಕೋಲು ಹಾಕಿದರೆ ನೀರು ಕಲಕುತ್ತದೆ, ಕೆಟ್ಟ ಸುದ್ದಿ ಕೇಳಿದರೆ ಮನಸ್ಸು ಕಲಕುತ್ತದೆ.

ಅಂದಹಾಗೆ, ರೊಚ್ಚಿಗೆದ್ದ ಗುಂಪಿಗೆ ಹೇಳುವ ‘ಮಾಬ್’ ಕೂಡ ಇದೇ ಮನೆತನದ್ದು.