ಗಿಡದ ಹೆಸರಿನಲ್ಲೇ ಊರು

ಪ್ರಶ್ನೆ: ಜೌಗುಸಸ್ಯಗಳ ವೈಜ್ಞಾನಿಕ ಹೆಸರುಗಳಲ್ಲಿ ‘ಪಲುಸ್ಟ್ರಿಸ್’, ‘ಅಕ್ವಾಟಿಕಾ’ ಪದೇ ಪದೇ ಬರುತ್ತವೆ. ಇವು ವ್ಯಕ್ತಿಗಳ ಹೆಸರೇ?

ಉತ್ತರ: ಅಲ್ಲ, ಗಿಡ ಬೆಳೆಯುವ ನೆಲೆಯ ಗುರುತು. ಲ್ಯಾಟಿನ್ನಿನಲ್ಲಿ ‘ಪಲುಸ್’ ಎಂದರೆ ಜೌಗು. ಯುರೋಪಿನ ಒದ್ದೆನೆಲದ ಹಳದಿ ಹೂವೊಂದನ್ನು ಸ್ವೀಡನ್ನಿನ ಸಸ್ಯವಿಜ್ಞಾನಿ ಲಿನಿಯಸ್ 1753ರಲ್ಲಿ ‘ಕ್ಯಾಲ್ತಾ ಪಲುಸ್ಟ್ರಿಸ್’ ಎಂದು ಕರೆದರು. ‘ಲಕುಸ್ಟ್ರಿಸ್’ ಎಂದರೆ ಸರೋವರದ್ದು. ನನಗೆ ಅಚ್ಚುಮೆಚ್ಚಿನದು ‘ಐಪೋಮಿಯಾ ಅಕ್ವಾಟಿಕಾ’, ಅಂದರೆ ನೀರಿನದು. ನಮ್ಮ ಕೆರೆಯಂಚಿನಲ್ಲೂ ಹಬ್ಬುವ ಬಳ್ಳಿ, ತಿಳಿನೇರಳೆ ಹೂವು. ಅದರ ಕಾಂಡವನ್ನು ಮುರಿದು ನೋಡಿ: ಒಳಗೆಲ್ಲ ಕೊಳವೆಯಂತೆ ಟೊಳ್ಳು. ಆ ಟೊಳ್ಳಿನೊಳಗಿನ ಗಾಳಿಯೇ ಬಳ್ಳಿಯನ್ನು ತೇಲಿಸುತ್ತದೆ. ಹೆಸರು ಎಷ್ಟು ಚೆನ್ನಾಗಿ ಒಪ್ಪುತ್ತದೆ! ‘ಪಲುಸ್ಟ್ರೆ’ ಎಂದು ಕಂಡರೆ ಮುದ್ರಣದೋಷವೆಂದು ತಿಳಿಯಬೇಡಿ. ‘ಕೊಮಾರಮ್ ಪಲುಸ್ಟ್ರೆ’ ಎಂಬ ಜೌಗುಗಿಡದಲ್ಲಿ ಮೊದಲ ಪದ, ಅಂದರೆ ಕುಲದ ಹೆಸರು, ನಪುಂಸಕಲಿಂಗ; ಎರಡನೆಯ ಪದವಾದ ವಿಶೇಷಣವೂ ಅದಕ್ಕೆ ತಕ್ಕಂತೆ ಬದಲಾಗಿದೆ.